ಉಪಾಧ್ಯಾಯನ ವೃತ್ತಿಯೂ ನ್ಯಾಯಾಲಯದ ಎಲ್ಲೆಯೂ

ತುಂಗೆಯ ದಡದ ಶಿವಮೊಗ್ಗೆಗೂ ಭದ್ರೆಯ ದಡದ ಭದ್ರಾವತಿಗೂ ನಡುವೆ ಇರುವ ದೂರ ಸುಮಾರು 20 ಕಿಲೋಮೀಟರು ಮಾತ್ರ. ಒಂದು ಊರು ಕಚೇರಿ, ನ್ಯಾಯಸ್ಥಾನ, ವಿದ್ಯಾಶಾಲೆಗಳಿಂದ ಬೆಳೆಯಿತು. ಇನ್ನೊಂದು 1923ರಲ್ಲಿ ಉರಿಯತೊಡಗಿದ ಕಬ್ಬಿಣದ ಕುಲುಮೆಯಿಂದಲೂ 1936ರಲ್ಲಿ ಸ್ಥಾಪಿತವಾದ ಕಾಗದದ ಕಾರ್ಖಾನೆಯಿಂದಲೂ ಬೆಳೆಯಿತು. ಈ ಎರಡು ಊರುಗಳಿಗೂ ಸೇರಿದ ಒಂದು ಮನೆಯನ್ನು, ದೃಷ್ಟಾಂತಕ್ಕಾಗಿ ಮಾತ್ರ, ವಾಚಕರು ಊಹಿಸಿಕೊಳ್ಳಬಹುದು. ಕಾಲವು 1972ನೆಯ ಇಸವಿಯ ಸುಮಾರು. ಮನೆಯ ಹಿರಿಯ ಮಗ ಭದ್ರಾವತಿಯ ಕಾರ್ಖಾನೆಯಲ್ಲಿ ಕೆಲಸಗಾರ. ಎರಡನೆಯವಳಾದ ಮಗಳು ಸರ್ಕಾರಿ ಶಾಲೆಯಲ್ಲಿ ಉಪಾಧ್ಯಾಯಿನಿ. ಕಿರಿಯ ಮಗ ಶಿವಮೊಗ್ಗೆಯಲ್ಲಿ ಒಂದು ಖಾಸಗಿ ಆಡಳಿತ ಮಂಡಲಿಯವರು ನಡೆಸುತ್ತಿದ್ದ ಶಾಲೆಯಲ್ಲಿ ಉಪಾಧ್ಯಾಯ. ಮೂವರಿಗೂ ಒಂದೇ ವಾರದಲ್ಲಿ, ಯಾವ ವಿಚಾರಣೆಯೂ ಇಲ್ಲದೆ, ‘ನಾಳೆಯಿಂದ ನಿಮ್ಮ ಸೇವೆ ಬೇಕಾಗಿಲ್ಲ’ ಎಂಬ ಕಾಗದ ಬಂದಿತೆಂದು ಇಟ್ಟುಕೊಳ್ಳೋಣ.

ಹಿರಿಯನಿಗೆ 1947ರ ಕೈಗಾರಿಕಾ ವಿವಾದಗಳ ಕಾಯಿದೆಯ ಆಶ್ರಯವಿತ್ತು. ಅದಕ್ಕೆ 1971ರಲ್ಲಿ ಸೇರಿದ ತಿದ್ದುಪಡಿಯಂತೆ ಕಾರ್ಮಿಕ ನ್ಯಾಯಾಲಯವು ವಜಾ ಮಾಡಿದ ಆಜ್ಞೆಯನ್ನು ತೆಗೆದುಹಾಕಿ, ಅವನನ್ನು ಮತ್ತೆ ಅದೇ ಕೆಲಸಕ್ಕೆ ಸೇರಿಸಿಕೊಳ್ಳಿರೆಂದು ಆಜ್ಞಾಪಿಸಬಹುದಾಗಿತ್ತು. ಮಗಳಿಗೆ ಸಂವಿಧಾನದ 311ನೆಯ ಅನುಚ್ಛೇದದ ರಕ್ಷಣೆಯಿತ್ತು; ಆರೋಪವನ್ನು ತಿಳಿಸದೆ, ಸಮಾಧಾನ ಹೇಳಲು ಅವಕಾಶ ಕೊಡದೆ ಸರ್ಕಾರವು ಅವಳನ್ನು ತೆಗೆದಿದ್ದರೆ ಆ ಆಜ್ಞೆ ನಿಲ್ಲುತ್ತಿರಲಿಲ್ಲ. ಕಿರಿಯನು ನ್ಯಾಯಸ್ಥಾನದ ಮೆಟ್ಟಿಲನ್ನು ಹತ್ತಿದಾಗ ಮಾತ್ರ ಅವನಿಗೆ ದೊರೆಯಬಹುದಾಗಿದ್ದ ಉತ್ತರವೇ ಬೇರೆ: ‘ನಿನ್ನನ್ನು ತೆಗೆದುದು ಅನ್ಯಾಯವೇ ಇರಬಹುದು, ಅದಕ್ಕಾಗಿ ನಷ್ಟಪರಿಹಾರವನ್ನು ಕೇಳು. ಆದರೆ ನಿನ್ನನ್ನು ಮತ್ತೆ ಕೆಲಸದಲ್ಲಿಡಿರೆಂದು ನಿನ್ನ ಯಜಮಾನರನ್ನು ಬಲವಂತಪಡಿಸಲು ನ್ಯಾಯಾಲಯಕ್ಕೆ ಬರುವುದಿಲ್ಲ.’ ಒಂದೇ ಮನೆಯ ಮೂವರು, ಒಂದೇ ಬಗೆಯ ಅನ್ಯಾಯ, ಮೂರು ಬಗೆಯ ಪರಿಹಾರ. ಇದು ಧರ್ಮವೆ, ಧರ್ಮವಾದರೆ ಯಾವ ಅರ್ಥದಲ್ಲಿ, ಎಂಬುದೇ ಇಲ್ಲಿ ವಿಚಾರಿಸತಕ್ಕ ವಿಷಯ.

ಈ ಮೂರು ಬಗೆಗಳು ಕಲ್ಪಿತವಾದವಲ್ಲ. ಶಿವಮೊಗ್ಗೆ ಜಿಲ್ಲೆಗೆ ನೆರೆಯಾದ ಶಿರಸಿಯಿಂದ ಹೋದ ಮೊಕದ್ದಮೆಯೊಂದರಲ್ಲಿಯೇ 1973ರಲ್ಲಿ ಸರ್ವೋಚ್ಚ ನ್ಯಾಯಾಲಯವು ಇವನ್ನು ಸ್ಪಷ್ಟವಾಗಿ ವಿಂಗಡಿಸಿತು. ಶಿರಸಿ ಪುರಸಭೆಯು ತನ್ನ ನೌಕರಳೊಬ್ಬಳನ್ನು ನಿಯಮಗಳಿಗೆ ವಿರುದ್ಧವಾಗಿ ವಜಾ ಮಾಡಿತ್ತು. ಕೇವಲ ಕರಾರಿನಿಂದ ಹುಟ್ಟಿದ ಯಜಮಾನ-ಸೇವಕ ಸಂಬಂಧ ಮೊದಲನೆಯದು; ಕೈಗಾರಿಕಾ ಕಾನೂನಿಗೆ ಒಳಪಟ್ಟ ಕಾರ್ಮಿಕನ ಸಂಬಂಧ ಎರಡನೆಯದು; ಸರ್ಕಾರ, ಸ್ಥಳೀಯ ಸಂಸ್ಥೆ ಅಥವಾ ಶಾಸನದಿಂದ ಹುಟ್ಟಿದ ಸಂಸ್ಥೆಯ ನೌಕರನ ಸಂಬಂಧ ಮೂರನೆಯದು ಎಂದು ನ್ಯಾಯಾಲಯ ಹೇಳಿತು. ಪುರಸಭೆ ಮೂರನೆಯ ವರ್ಗಕ್ಕೆ ಸೇರಿದ್ದುದರಿಂದ ಆ ನೌಕರಳಿಗೆ ಪೂರ್ಣ ಪರಿಹಾರ ದೊರೆಯಿತು. ಆದರೆ ಮೂರು ವರ್ಷಗಳ ಮೇಲೆ, 1976ರಲ್ಲಿ, ಉತ್ತರ ಪ್ರದೇಶದ ಶಾಮ್ಲಿಯ ವೈಶ್ಯ ಡಿಗ್ರಿ ಕಾಲೇಜಿನ ಪ್ರಕರಣದಲ್ಲಿ ಅದೇ ನ್ಯಾಯಾಲಯವು, ವಿಶ್ವವಿದ್ಯಾನಿಲಯದ ನಿಯಮಗಳನ್ನು ಅನುಸರಿಸಿ ನಡೆಯುವ ಖಾಸಗಿ ಕಾಲೇಜು ಶಾಸನದ ಶಿಶುವಲ್ಲವೆಂದೂ, ಅದರ ಆಡಳಿತ ಸಮಿತಿ ತೆಗೆದುಹಾಕಿದ ಪ್ರಾಚಾರ್ಯರನ್ನು ಮತ್ತೆ ಸೇವೆಯಲ್ಲಿ ಇರುವವರೆಂದು ಘೋಷಿಸಲಾಗದೆಂದೂ ತೀರ್ಮಾನಿಸಿತು.

ಈ ನಿಯಮದ ಮೂಲ ಬಹಳ ಹಿಂದಿನದು. ಭಾರತದಲ್ಲಿ 1877ರ ನಿರ್ದಿಷ್ಟ ಪರಿಹಾರ ಕಾಯಿದೆಯೂ, ಅದರ ಸ್ಥಾನಕ್ಕೆ ಬಂದ 1963ರ ಕಾಯಿದೆಯೂ, ವ್ಯಕ್ತಿಗಳ ಗುಣವಿಶೇಷವನ್ನು ಅವಲಂಬಿಸಿದ ಕರಾರನ್ನು ನ್ಯಾಯಾಲಯವು ಬಲವಂತದಿಂದ ನಡೆಸಲಾಗದೆಂದು ವಿಧಿಸುತ್ತವೆ. ಅದರ ಹಿಂದೆ ಇಂಗ್ಲೆಂಡಿನ ನ್ಯಾಯಸಂಪ್ರದಾಯವಿದೆ. 1852ರಲ್ಲಿ ಲಂಡನ್ನಿನಲ್ಲಿ ನಡೆದ ಪ್ರಸಿದ್ಧ ಮೊಕದ್ದಮೆಯೊಂದುಂಟು. ಯೊಹಾನಾ ವಾಗ್ನರ್ ಎಂಬ ಗಾಯಕಿ ಒಂದು ನಾಟಕಶಾಲೆಯಲ್ಲಿ ಹಾಡುವುದಾಗಿ ಒಪ್ಪಿ, ಹೆಚ್ಚು ಹಣಕ್ಕಾಗಿ ಇನ್ನೊಂದು ನಾಟಕಶಾಲೆಗೆ ಹೋಗಲು ಹೊರಟಳು. ಅವಳು ಬೇರೆಡೆ ಹಾಡದಂತೆ ತಡೆಯಲು ನ್ಯಾಯಾಧಿಪತಿಗೆ ಸಾಧ್ಯವಾಯಿತು. ಒಪ್ಪಿದ ಕಡೆಯಲ್ಲಿ ಹಾಡುವಂತೆ ಮಾಡುವ ಶಕ್ತಿ ತನಗಿಲ್ಲವೆಂದು ಆತನೇ ಒಪ್ಪಿಕೊಂಡನು. ಕಂಠವಿರುವುದು ಗಾಯಕಿಯಲ್ಲಿ, ರಾಜಮುದ್ರೆಯ ಕಾಗದವು ಕಂಠದಿಂದ ಹಾಡನ್ನು ಹೊರಡಿಸಲಾರದು.

ಪ್ರಾಚೀನ ಧರ್ಮಶಾಸ್ತ್ರಕಾರರಿಗೂ ಈ ಪ್ರಶ್ನೆ ಅಪರಿಚಿತವಾಗಿರಲಿಲ್ಲ. ಮನುವು ಎಣಿಸಿದ ಹದಿನೆಂಟು ವ್ಯವಹಾರಪದಗಳಲ್ಲಿ ವೇತನವನ್ನು ಕೊಡದಿರುವುದೂ ಒಂದು. ಯಾಜ್ಞವಲ್ಕ್ಯ ಸ್ಮೃತಿಯ ವೇತನ ಪ್ರಕರಣದಲ್ಲಿ ಹೊರೆಯಾಳನ್ನು ಕುರಿತ ಒಂದು ವಿಧಿಯಿದೆ. ಆಳು ಹೊರಡುವ ಹೊತ್ತಿನಲ್ಲಿಯೇ ಕೆಲಸವನ್ನು ಬಿಟ್ಟರೆ ಕೂಲಿಯ ಏಳನೆಯ ಒಂದು ಪಾಲನ್ನೂ, ದಾರಿ ಹಿಡಿದ ಮೇಲೆ ಬಿಟ್ಟರೆ ಕಾಲು ಪಾಲನ್ನೂ, ಅರ್ಧದಾರಿಯಲ್ಲಿ ಬಿಟ್ಟರೆ ಪೂರ್ತಿ ಕೂಲಿಯನ್ನೂ ತೆರಬೇಕು. ಆಳನ್ನು ಹಾಗೆ ಕೈಬಿಡುವ ಯಜಮಾನನಿಗೂ ಅದೇ ನಿಯಮ. ಕಲ್ಯಾಣದ ಚಾಲುಕ್ಯರ ಆರನೆಯ ವಿಕ್ರಮಾದಿತ್ಯನ ಕಾಲದಲ್ಲಿ, ಕನ್ನಡ ನಾಡಿನ ಕಲ್ಯಾಣದಲ್ಲಿಯೇ ವಿಜ್ಞಾನೇಶ್ವರನು ಈ ಸ್ಮೃತಿಗೆ ಮಿತಾಕ್ಷರಾ ವ್ಯಾಖ್ಯಾನವನ್ನು ರಚಿಸಿದನು. ಇಲ್ಲಿ ಗಮನಿಸತಕ್ಕ ಅಂಶಗಳು ಎರಡು. ಶಾಸ್ತ್ರಕಾರನೂ ಯಜಮಾನನನ್ನು ಆಳಿನೊಡನೆ ಮುಂದೆ ನಡೆಯೆಂದು ಬಲವಂತಪಡಿಸಲಿಲ್ಲ, ಹಣವನ್ನು ಕೊಡಿಸಿದನು. ಆದರೆ ಜತೆಯಲ್ಲಿ ನಡೆದ ದಾರಿ ಎಷ್ಟು ಉದ್ದವೋ ಕೈಬಿಟ್ಟವನ ಋಣವೂ ಅಷ್ಟು ದೊಡ್ಡದೆಂಬ ಸೂಕ್ಷ್ಮವನ್ನು ಆತನು ಮರೆಯಲಿಲ್ಲ.

ಕಿರಿಯ ಮಗನಂಥವರ ಸ್ಥಿತಿಯನ್ನು ಕಂಡು ಶಾಸನಸಭೆ ಸುಮ್ಮನಿರಲಿಲ್ಲ ಎಂಬುದನ್ನೂ ಹೇಳಬೇಕು. 1975ರಲ್ಲಿ ಕರ್ನಾಟಕದಲ್ಲಿ ಖಾಸಗಿ ಶಿಕ್ಷಣ ಸಂಸ್ಥೆಗಳ ಶಿಸ್ತು ಮತ್ತು ನಿಯಂತ್ರಣದ ಕಾಯಿದೆ ಬಂದಿತು. ತರುವಾಯ, 1983ರ ಹೆಸರಿನಲ್ಲಿದ್ದರೂ 1995ರಲ್ಲಿ ಜಾರಿಗೆ ಬಂದ ಕರ್ನಾಟಕ ಶಿಕ್ಷಣ ಕಾಯಿದೆಯು, ಆರೋಪವನ್ನು ತಿಳಿಸಿ ವಿಚಾರಣೆ ನಡೆಸದೆ ನೌಕರನನ್ನು ವಜಾ ಮಾಡುವುದಾಗಲಿ ದರ್ಜೆಯಿಂದ ಇಳಿಸುವುದಾಗಲಿ ಕೂಡದೆಂದು ತನ್ನ 92ನೆಯ ಪ್ರಕರಣದಲ್ಲಿ ವಿಧಿಸಿತು. 94ನೆಯ ಪ್ರಕರಣದಂತೆ ಅಂಥ ಆಜ್ಞೆಯನ್ನು ಪಡೆದವನು ಮೂರು ತಿಂಗಳೊಳಗಾಗಿ ಶೈಕ್ಷಣಿಕ ಮೇಲ್ಮನವಿ ನ್ಯಾಯಮಂಡಲಿಗೆ ದೂರು ಕೊಡಬಹುದು; ಜಿಲ್ಲಾ ನ್ಯಾಯಾಧೀಶರ ದರ್ಜೆಗೆ ಕಡಮೆಯಲ್ಲದ ಅಧಿಕಾರಿ ಅಲ್ಲಿ ವಿಚಾರಿಸುತ್ತಾರೆ. 2002ರಲ್ಲಿ ಮಣಿಪಾಲದ ಟಿ.ಎಂ.ಎ. ಪೈ ಪ್ರತಿಷ್ಠಾನದ ಪ್ರಕರಣದಲ್ಲಿ 11 ಮಂದಿ ನ್ಯಾಯಮೂರ್ತಿಗಳ ಪೀಠವು ಇಂಥ ನ್ಯಾಯಮಂಡಲಿಗಳು ಜಿಲ್ಲೆಗಳಲ್ಲಿಯೇ ಇರಬೇಕೆಂದು ಅಭಿಪ್ರಾಯಪಟ್ಟಿತು. ಉಪಾಧ್ಯಾಯನಿಗೆ ಸುಮಾರು 300 ಕಿಲೋಮೀಟರು ದೂರದ ಬೆಂಗಳೂರಿನ ಬಾಗಿಲಿಗಿಂತ ಜಿಲ್ಲೆಯ ಬಾಗಿಲು ಹತ್ತಿರವೆಂಬುದನ್ನು ಬೇರೆ ಹೇಳಬೇಕಾಗಿಲ್ಲ.

ಹಾಗಿದ್ದರೂ ಬಾಗಿಲು ತೆರೆದಿರುವುದು ಬೇರೆ, ಎಲ್ಲರೂ ಒಳಗೆ ಹೋಗಬಲ್ಲರೆಂಬುದು ಬೇರೆ. ಮೂರು ತಿಂಗಳು ಕಳೆದ ಮೇಲೆ ಎಚ್ಚತ್ತವನು ತಡವಾದುದಕ್ಕೆ ಮೊದಲು ಸಮಾಧಾನ ಹೇಳಬೇಕು. ವರ್ಷ ವರ್ಷಕ್ಕೆ ಕರಾರನ್ನು ಬರೆಸಿಕೊಂಡು ಜೂನ್ ತಿಂಗಳಲ್ಲಿ ಸೇರಿಸಿ ಏಪ್ರಿಲ್ ತಿಂಗಳಲ್ಲಿ ಬಿಡಿಸುವ ಕಡೆಗಳಲ್ಲಿ ‘ವಜಾ’ ಎಂಬ ಮಾತೇ ಹುಟ್ಟುವುದಿಲ್ಲ. ಅವಧಿ ಮುಗಿಯಿತು, ಅಷ್ಟೆ. ರಾಜೀನಾಮೆಯನ್ನು ಕೇಳಿ ಬರೆಸಿಕೊಂಡಲ್ಲಿ ಹೊರಗೆ ತೋರುವುದು ನೌಕರನ ಇಚ್ಛೆಯೇ ಹೊರತು ಮಂಡಲಿಯ ಇಚ್ಛೆಯಲ್ಲ. ಕಾಯಿದೆಯ ಎಲ್ಲ ರಕ್ಷಣೆಗಳಿಗೂ ಎಲ್ಲ ಬಗೆಯ ಶಾಲೆಗಳೂ ಸಮಾನವಾಗಿ ಒಳಪಟ್ಟಿಲ್ಲ. ಇಂಥವರು ಉಚ್ಚ ನ್ಯಾಯಾಲಯಕ್ಕೆ ರಿಟ್ ಅರ್ಜಿಯನ್ನು ಕೊಂಡೊಯ್ದರೆ, 2022ರ ಆಗಸ್ಟ್ ತಿಂಗಳಲ್ಲಿ ಸರ್ವೋಚ್ಚ ನ್ಯಾಯಾಲಯ ಕೊಟ್ಟ ತೀರ್ಪು ಎದುರಾಗುತ್ತದೆ: ಖಾಸಗಿ ಶಾಲೆಯು ವಿದ್ಯಾದಾನವೆಂಬ ಸಾರ್ವಜನಿಕ ಕಾರ್ಯವನ್ನು ಮಾಡುತ್ತಿದ್ದರೂ, ಶಾಸನದ ನಿಯಮಗಳಿಗೆ ಒಳಪಡದ, ಕೇವಲ ಕರಾರಿನಿಂದಾದ ಸೇವೆಯ ವ್ಯಾಜ್ಯಕ್ಕೆ ರಿಟ್ ಸಲ್ಲದು. ಹೀಗೆ ಎಲ್ಲೆ ಹಿಂದೆ ಸರಿದಿದೆ, ಅಳಿದಿಲ್ಲ.

ಈಗ ಸಂಶಯವನ್ನು ಸರಿಯಾಗಿ ಇಡಬೇಕು. ನ್ಯಾಯಾಲಯದ ಈ ಎಲ್ಲೆ ಧರ್ಮಸಮ್ಮತವೆ, ಅಥವಾ ಬಲ್ಲಿದರ ಸೌಕರ್ಯಕ್ಕಾಗಿ ನಿಂತ ಬೇಲಿಯೆ?

ಪೂರ್ವಪಕ್ಷವನ್ನು ಹಗುರವಾಗಿ ಕಾಣುವುದು ಉಚಿತವಲ್ಲ. ಅದರ ವಾದ ಹೀಗೆ. ಒಬ್ಬರ ಕೈಯಲ್ಲಿ ಇನ್ನೊಬ್ಬರು ಕೆಲಸ ಮಾಡುವುದು ನಂಬಿಕೆಯ ಸಂಬಂಧ. ನಂಬಿಕೆ ಆಜ್ಞೆಯಿಂದ ಹುಟ್ಟುವುದಿಲ್ಲ. ಮುಖ ನೋಡಲಾರದವರನ್ನು ಒಂದೇ ಸೂರಿನ ಕೆಳಗೆ ಕೂಡಿಹಾಕಿದರೆ ದಿನದಿನವೂ ಕಲಹವೇ ಬೆಳೆಯುತ್ತದೆ. ಆ ಕಲಹವನ್ನು ದಿನದಿನವೂ ಹೋಗಿ ನೋಡಲು ನ್ಯಾಯಾಧೀಶರಿಗೆ ಆಗದು. ಅಲ್ಲದೆ ಈ ನಿಯಮ ಮೊದಲು ಕಾಯುವುದು ಸೇವಕನನ್ನೇ. ಯಜಮಾನನು ಸೇವಕನನ್ನು ಇಟ್ಟುಕೊಳ್ಳಲೇಬೇಕೆಂದು ನ್ಯಾಯಾಲಯ ಹೇಳಬಹುದಾದರೆ, ಸೇವಕನು ಇರಲೇಬೇಕೆಂದು ಹೇಳಲು ಯಾವ ಅಡ್ಡಿ? ಬಲಾತ್ಕಾರದ ದುಡಿಮೆಯನ್ನು ಸಂವಿಧಾನದ 23ನೆಯ ಅನುಚ್ಛೇದ ನಿಷೇಧಿಸಿದೆ. ಹೆಚ್ಚು ಸಂಬಳದ ಊರಿಗೆ ಹೋಗಲು ಬಯಸಿದ ಉಪಾಧ್ಯಾಯನು ಮುನ್ಸೂಚನೆ ಕೊಟ್ಟು ಹೋಗಬಹುದು. ‘ಪರೀಕ್ಷೆಯ ತನಕ ನೀನು ಇಲ್ಲಿಯೇ ಪಾಠ ಹೇಳಲೇಬೇಕು’ ಎಂದು ಯಾವ ನ್ಯಾಯಾಲಯವೂ ಅವನನ್ನು ಹಿಡಿದು ನಿಲ್ಲಿಸದು. ತನಗೆ ಈ ಸ್ವಾತಂತ್ರ್ಯವನ್ನು ಬಯಸುವವನು ಎದುರು ಪಕ್ಷಕ್ಕೆ ಅದನ್ನು ನಿರಾಕರಿಸುವುದು ಹೇಗೆ?

ಈ ವಾದದಲ್ಲಿ ಸತ್ಯಾಂಶ ಬಹಳವಿದೆ. ಒಬ್ಬ ಗೃಹಸ್ಥನೂ ಅವನ ಮನೆಯ ಅಡುಗೆಯವನೂ, ಒಬ್ಬ ವಕೀಲನೂ ಅವನ ಗುಮಾಸ್ತನೂ ಎಂಬಲ್ಲಿ ಇದು ಪೂರ್ತಿಯಾಗಿ ಸಲ್ಲುತ್ತದೆ. ಶಾಲೆಯಲ್ಲಿ ಸಲ್ಲುತ್ತದೆಯೆ ಎಂಬುದೇ ಪ್ರಶ್ನೆ. ನಿಯಮದ ಕಾರಣವು ವ್ಯಕ್ತಿಗತವಾದ ನಂಬಿಕೆಯಾದರೆ, ಶಾಲೆಯಲ್ಲಿ ಆ ನಂಬಿಕೆ ಯಾರ ಯಾರ ನಡುವೆ ಇದೆ? ಆಡಳಿತ ಮಂಡಲಿಯೆಂಬುದು ಒಬ್ಬ ವ್ಯಕ್ತಿಯಲ್ಲ. ಕೆಲವು ವರ್ಷಗಳಿಗೊಮ್ಮೆ ಚುನಾವಣೆಯಿಂದ ಬದಲಾಗುವ ಸಮಿತಿ. ಮೂವತ್ತು ವರ್ಷ ಒಂದೇ ಶಾಲೆಯಲ್ಲಿ ಪಾಠ ಹೇಳಿದವನು ಅಷ್ಟರಲ್ಲಿ ಎಷ್ಟೋ ಅಧ್ಯಕ್ಷರನ್ನೂ ಕಾರ್ಯದರ್ಶಿಗಳನ್ನೂ ನೋಡಿರುತ್ತಾನೆ. ಅವರಲ್ಲಿ ಅನೇಕರು ಅವನ ತರಗತಿಯೊಳಗೆ ಒಮ್ಮೆಯೂ ಕಾಲಿಟ್ಟಿರುವುದಿಲ್ಲ. ನಿಜವಾದ ನಂಬಿಕೆಯ ಸಂಬಂಧವಿರುವುದು ಉಪಾಧ್ಯಾಯನಿಗೂ ಮಣೆಯ ಮೇಲೆ ಕುಳಿತ ಮಗುವಿಗೂ ನಡುವೆ. ಆ ಮಗುವನ್ನು ಯಾವ ಮೊಕದ್ದಮೆಯಲ್ಲಿಯೂ ಕರೆದು ಕೇಳುವುದಿಲ್ಲ.

ಅದಕ್ಕಿಂತ ಮುಖ್ಯವಾದ ಮಾತೊಂದಿದೆ. ಅಡುಗೆಯವನಿಗೆ ಕೊಡುವ ಸಂಬಳ ಯಜಮಾನನ ಸ್ವಂತ ಹಣ. ಅವನ ಮನೆ ಅವನದು. ಶಾಲೆಯ ಕಟ್ಟಡ ದಾನಿಗಳ ಹಣದಿಂದ ಎದ್ದಿರುತ್ತದೆ. ಸಂಬಳ ಪೋಷಕರ ಶುಲ್ಕದಿಂದ, ಅನುದಾನವಿದ್ದರೆ ಸರ್ಕಾರದ ಬೊಕ್ಕಸದಿಂದ ಬರುತ್ತದೆ. ಮಂಡಲಿಯವರು ಈ ಹಣಕ್ಕೆ ಧರ್ಮದರ್ಶಿಗಳೇ ಹೊರತು ಒಡೆಯರಲ್ಲ. ದೇವಾಲಯದ ಧರ್ಮದರ್ಶಿ ‘ಈ ಅರ್ಚಕನ ಮುಖ ನನಗೆ ಹಿಡಿಸದು’ ಎಂದು ಹೇಳಿದರೆ ಭಕ್ತರು ಒಪ್ಪುವರೆ? ಯಜಮಾನನಿಗೆ ಸಲ್ಲುವ ಇಚ್ಛಾಸ್ವಾತಂತ್ರ್ಯವನ್ನು ಧರ್ಮದರ್ಶಿಯು ತನ್ನದೆಂದು ಹೇಳಿಕೊಂಡಲ್ಲಿ, ನಿಯಮದ ಶಬ್ದ ಉಳಿದು ಅದರ ಕಾರಣ ಹೋಗಿದೆಯೆಂದು ತಿಳಿಯಬೇಕು.

ಪೂರ್ವಪಕ್ಷದ ಎರಡನೆಯ ಮಾತು ಹೆಚ್ಚು ಮಧುರವಾದುದು. ಆದಕಾರಣ ಹೆಚ್ಚು ಎಚ್ಚರಿಕೆಯಿಂದ ಕೇಳತಕ್ಕದ್ದು. ಉಪಾಧ್ಯಾಯನು ಕೂಲಿಯವನಲ್ಲ, ಅವನದು ಪವಿತ್ರವಾದ ವೃತ್ತಿ ಎಂಬುದೇ ಆ ಮಾತು. 1978ರಲ್ಲಿ ಬೆಂಗಳೂರು ಜಲಮಂಡಲಿಯ ಪ್ರಕರಣದಲ್ಲಿ ಏಳು ಮಂದಿ ನ್ಯಾಯಮೂರ್ತಿಗಳ ಪೀಠವು ವಿದ್ಯಾಸಂಸ್ಥೆಯೂ ಕಾನೂನಿನ ಅರ್ಥದಲ್ಲಿ ‘ಕೈಗಾರಿಕೆ’ ಆಗಬಹುದೆಂದು ಹೇಳಿದಾಗ ಉಪಾಧ್ಯಾಯರಿಗೆ ಕಾರ್ಮಿಕ ನ್ಯಾಯಾಲಯದ ಬಾಗಿಲು ತೆರೆಯಬಹುದೆಂಬ ಆಸೆ ಹುಟ್ಟಿತು. ಆದರೆ 1988ರಲ್ಲಿ ಗೋವೆಯ ಉಪಾಧ್ಯಾಯಿನಿಯೊಬ್ಬರ ಮೊಕದ್ದಮೆಯಲ್ಲಿ ಸರ್ವೋಚ್ಚ ನ್ಯಾಯಾಲಯವು, ಸಂಸ್ಥೆ ಕೈಗಾರಿಕೆಯಾದರೂ ಉಪಾಧ್ಯಾಯರು ‘ಕಾರ್ಮಿಕ’ರಲ್ಲವೆಂದು ತೀರ್ಮಾನಿಸಿತು; ಅವರ ಕೆಲಸ ಕೈಕೆಲಸವಲ್ಲ, ಗುಮಾಸ್ತೆಯ ಕೆಲಸವಲ್ಲ, ಅದೊಂದು ಉದಾತ್ತ ವೃತ್ತಿ ಎಂಬುದು ಕಾರಣ. ಹೀಗಾಗಿ ಶಾಲೆಯ ಲೆಕ್ಕದ ಗುಮಾಸ್ತನಿಗೆ ದೊರೆಯಬಹುದಾದ ಆಶ್ರಯ ಅದೇ ಶಾಲೆಯ ಗಣಿತದ ಉಪಾಧ್ಯಾಯನಿಗೆ ದೊರೆಯದಂತಾಯಿತು. 1947ರ ಕಾಯಿದೆಯ ಸ್ಥಾನಕ್ಕೆ ಬಂದ 2020ರ ಕೈಗಾರಿಕಾ ಸಂಬಂಧಗಳ ಸಂಹಿತೆಯೂ ಪತ್ರಕರ್ತರನ್ನು ಹೆಸರಿಸಿ ಕಾರ್ಮಿಕರ ಲಕ್ಷಣದೊಳಗೆ ಸೇರಿಸಿತೇ ಹೊರತು ಉಪಾಧ್ಯಾಯರನ್ನು ಹೆಸರಿಸಲಿಲ್ಲ.

ಕಾನೂನಿನ ಶಬ್ದಾರ್ಥದಲ್ಲಿ ಆ ತೀರ್ಪು ಸರಿಯಿರಬಹುದು. ಸಮಾಜವು ಅದನ್ನು ಹೇಗೆ ಕೇಳಿಸಿಕೊಳ್ಳಬೇಕೆಂಬುದು ಇಲ್ಲಿನ ವಿಚಾರ. ಸಂಬಳಕ್ಕಾಗಿ ವೇದವನ್ನು ಕಲಿಸುವವನನ್ನು ಮನುವು ಶ್ರಾದ್ಧಕ್ಕೆ ಕರೆಯಕೂಡದವರ ಸಾಲಿನಲ್ಲಿ ಇಟ್ಟಿದ್ದಾನೆ. ವಿದ್ಯೆ ಮಾರುವ ಪದಾರ್ಥವಲ್ಲ ಎಂಬ ಭಾವನೆ ಅಷ್ಟು ಗಾಢವಾಗಿತ್ತು. ಆದರೆ ಆ ಭಾವನೆಯನ್ನು ಇಟ್ಟುಕೊಂಡ ಸಮಾಜ ಗುರುವನ್ನು ಬರಿಯ ಮಾತಿನಿಂದ ಗೌರವಿಸಿ ಬಿಡುತ್ತಿರಲಿಲ್ಲ. ಅಗ್ರಹಾರ, ಮಠ, ಭೂದಾನ, ಗುರುದಕ್ಷಿಣೆಗಳಿಂದ ಅವನ ಸಂಸಾರವನ್ನು ಹೊರುತ್ತಿತ್ತು. ಇಂದು ಗುರುದಕ್ಷಿಣೆಯ ಸ್ಥಾನಕ್ಕೆ ತಿಂಗಳ ಸಂಬಳವೂ, ಭೂದಾನದ ಸ್ಥಾನಕ್ಕೆ ಕರಾರಿನ ಕಾಗದವೂ ಬಂದಿವೆ. ಹೊರೆಯನ್ನು ಇಳಿಸಿಕೊಂಡ ಮೇಲೆ ಹೊಗಳಿಕೆಯನ್ನು ಮಾತ್ರ ಉಳಿಸಿಕೊಂಡು, ಆ ಹೊಗಳಿಕೆಯನ್ನೇ ರಕ್ಷಣೆಯನ್ನು ಕೊಡದಿರಲು ಕಾರಣವಾಗಿ ಹೇಳುವುದು ನ್ಯಾಯವಾಗದು. ಉಪಾಧ್ಯಾಯರ ದಿನದಂದು ಹಾರವನ್ನು ಹಾಕಿದ ಕೈ ಏಪ್ರಿಲ್ ತಿಂಗಳಲ್ಲಿ ಬಿಡುಗಡೆಯ ಕಾಗದಕ್ಕೆ ರುಜು ಹಾಕಿದರೆ, ಹಾರಕ್ಕೆ ಬೆಲೆಯೇನು?

ಇಂಥ ವೈಷಮ್ಯ ತಿದ್ದಲಾಗದ್ದಲ್ಲ. 2004ರಲ್ಲಿ ಸರ್ವೋಚ್ಚ ನ್ಯಾಯಾಲಯವು ಉಪದಾನದ ಕಾಯಿದೆಯಲ್ಲಿ, ಎಂದರೆ ಗ್ರಾಚ್ಯುಟಿ ಕಾಯಿದೆಯಲ್ಲಿ, ‘ನೌಕರ’ ಎಂಬ ಶಬ್ದದೊಳಗೆ ಉಪಾಧ್ಯಾಯರು ಸೇರಲಿಲ್ಲವೆಂದು ಹೇಳಿತು. ಶಾಸನಸಭೆ ಮನಸ್ಸು ಮಾಡಬೇಕೆಂಬ ಇಂಗಿತವೂ ಆ ತೀರ್ಪಿನಲ್ಲಿತ್ತು. ಸಂಸತ್ತು 2009ರಲ್ಲಿ ಕಾಯಿದೆಯನ್ನು ತಿದ್ದಿ, 1997ರ ಏಪ್ರಿಲ್ 3ರಿಂದಲೇ ಅನ್ವಯವಾಗುವಂತೆ ಉಪಾಧ್ಯಾಯರನ್ನು ಸೇರಿಸಿತು. ಖಾಸಗಿ ಶಾಲೆಗಳವರು ಅದನ್ನು ಪ್ರಶ್ನಿಸಿದಾಗ 2022ರಲ್ಲಿ ಅದೇ ನ್ಯಾಯಾಲಯ ತಿದ್ದುಪಡಿಯನ್ನು ಎತ್ತಿಹಿಡಿಯಿತು. ನ್ಯಾಯಾಲಯವು ‘ನನ್ನ ಕೈ ಇಲ್ಲಿಯತನಕ ಮಾತ್ರ’ ಎಂದು ಹೇಳಿದುದನ್ನು ‘ಉಪಾಧ್ಯಾಯನಿಗೆ ಹಕ್ಕಿಲ್ಲ’ ಎಂದು ಅರ್ಥಮಾಡುವುದು ತಪ್ಪೆಂಬುದಕ್ಕೆ ಇದಕ್ಕಿಂತ ಒಳ್ಳೆಯ ದೃಷ್ಟಾಂತ ಬೇಕಿಲ್ಲ.

ಇನ್ನು ಹಣದ ವಿಷಯ. ಮತ್ತೆ ಕೆಲಸಕ್ಕೆ ಸೇರಿಸಲಾಗದಿದ್ದರೇನು, ನಷ್ಟಪರಿಹಾರ ಉಂಟಷ್ಟೆ ಎಂದು ಕೆಲವರು ಹೇಳುವರು. 2013ರಲ್ಲಿ ಮಹಾರಾಷ್ಟ್ರದ ಉಪಾಧ್ಯಾಯಿನಿಯೊಬ್ಬರ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು, ಅನ್ಯಾಯವಾಗಿ ತೆಗೆದವರನ್ನು ಮತ್ತೆ ಸೇರಿಸಿದಾಗ ನಡುವಣ ಕಾಲದ ಸಂಬಳವನ್ನು ಕೊಡಿಸುವುದೇ ಸಾಮಾನ್ಯ ನಿಯಮವೆಂದು ಸ್ಪಷ್ಟಪಡಿಸಿತು. ಇದು ದೊಡ್ಡ ಮಾತು. ಆದರೆ ಹಣ ತುಂಬಲಾರದ ನಷ್ಟಗಳೂ ಉಂಟು. ಶಿವಮೊಗ್ಗೆಯಂಥ ಊರಿನಲ್ಲಿ ಉಪಾಧ್ಯಾಯನನ್ನು ಶಾಲೆಯಿಂದ ತೆಗೆದರೆಂಬ ಸುದ್ದಿ ಗಾಂಧಿ ಬಜಾರಿನಲ್ಲಿ ಒಂದು ಸುತ್ತು ಬರಲು ಒಂದು ದಿನ ಸಾಕು; ಆ ಆಜ್ಞೆ ತಪ್ಪೆಂದು ತೀರ್ಪಾಗಲು ವರ್ಷಗಳು ಬೇಕು. ‘ಏನೋ ಮಾಡಿರಬೇಕು’ ಎಂಬ ಒಂದು ಮಾತು ಆ ವರ್ಷಗಳಷ್ಟೂ ಅವನ ಮನೆಯ ಬಾಗಿಲಲ್ಲಿ ನಿಂತಿರುತ್ತದೆ. ಕಬ್ಬಿಣ ಕರಗಿಸುವವನ ಕೆಲಸಕ್ಕೆ ಅವನ ಕೈಯಳತೆ ಸಾಕ್ಷಿ; ಪಾಠ ಹೇಳುವವನ ಕೆಲಸಕ್ಕೆ ಅವನ ಶೀಲವೇ ಸಾಕ್ಷಿ. ಶೀಲಕ್ಕೆ ಬಿದ್ದ ಪೆಟ್ಟಿಗೆ ಎಷ್ಟು ರೂಪಾಯಿಯೆಂದು ಯಾವ ಗುಮಾಸ್ತನೂ ಲೆಕ್ಕ ಹಾಕಲಾರ. ಐವತ್ತನೆಯ ವಯಸ್ಸಿನಲ್ಲಿ ಹೊರಗೆ ಹಾಕಲ್ಪಟ್ಟವನು ಯಾಜ್ಞವಲ್ಕ್ಯನ ಹೊರೆಯಾಳಿನಂತೆ ಅರ್ಧದಾರಿಯಲ್ಲಿ ನಿಂತವನು. ಹಿಂದಕ್ಕೆ ಹೋಗಲು ಊರಿಲ್ಲ, ಮುಂದಕ್ಕೆ ಕರೆಯುವವರಿಲ್ಲ.

ಇಷ್ಟನ್ನೂ ಹೇಳಿದ ಮೇಲೆ ಎದುರಿನ ಭಯವನ್ನು ಮರೆಯುವುದು ಪಕ್ಷಪಾತವಾದೀತು. ತೆಗೆಯಲ್ಪಟ್ಟವರೆಲ್ಲರೂ ನಿರಪರಾಧಿಗಳಲ್ಲ. ಪಾಠವನ್ನು ಹೇಳದೆ ಕಾಲ ಕಳೆಯುವವನೂ, ಮಕ್ಕಳನ್ನು ಹಿಂಸಿಸುವವನೂ ಉಂಟು. ವಿಚಾರಣೆಯ ಕ್ರಮದಲ್ಲಿ ಒಂದು ದೋಷವಿತ್ತೆಂಬ ಕಾರಣದಿಂದಲೇ ಅಂಥವನು ತೀರ್ಪಿನ ಕಾಗದವನ್ನು ಹಿಡಿದು ಮತ್ತೆ ಅದೇ ತರಗತಿಗೆ ಬಂದರೆ, ಮೊಕದ್ದಮೆಯಲ್ಲಿ ಪಕ್ಷಗಾರನಲ್ಲದ ಮಗುವೇ ಅದರ ದಂಡವನ್ನು ತೆರುತ್ತದೆ. ಆದುದರಿಂದ ‘ನ್ಯಾಯಾಲಯಗಳಿಗೆ ಎಲ್ಲ ಅಧಿಕಾರವನ್ನೂ ಕೊಟ್ಟುಬಿಟ್ಟರೆ ಎಲ್ಲವೂ ಸರಿಹೋಗುತ್ತದೆ’ ಎಂಬುದೂ ಪೂರ್ಣ ಸಿದ್ಧಾಂತವಲ್ಲ. ಕ್ರಮವನ್ನು ಮೊದಲೇ ಪಾಲಿಸಿದ್ದರೆ ತಪ್ಪಿತಸ್ಥನು ಕ್ರಮದೋಷದ ಹಿಂದೆ ಅಡಗಲಾಗುತ್ತಿರಲಿಲ್ಲ. ನಿರಪರಾಧಿಯು ವರ್ಷಗಟ್ಟಲೆ ಅಲೆಯಬೇಕಾಗುತ್ತಿರಲಿಲ್ಲ. ನೆಟ್ಟಗಿನ ವಿಚಾರಣೆ ಉಪಾಧ್ಯಾಯನಿಗೆ ಎಷ್ಟು ಹಿತವೋ ಮಂಡಲಿಗೂ ಮಗುವಿಗೂ ಅಷ್ಟೇ ಹಿತ.

ಹಾಗಾದರೆ ನಿರ್ಣಯವೇನು? ಯಾಜ್ಞವಲ್ಕ್ಯನು ತನ್ನ ಸ್ಮೃತಿಯನ್ನು ಆಚಾರ, ವ್ಯವಹಾರ, ಪ್ರಾಯಶ್ಚಿತ್ತ ಎಂಬ ಮೂರು ಅಧ್ಯಾಯಗಳಾಗಿ ವಿಂಗಡಿಸಿದ್ದಾನೆ. ನ್ಯಾಯಾಲಯವು ಆಳುವುದು ನಡುವಣ ವ್ಯವಹಾರವನ್ನು ಮಾತ್ರ. ಅದಕ್ಕೆ ಹಿಂದೆ ಆಚಾರವೂ ಮುಂದೆ ಪ್ರಾಯಶ್ಚಿತ್ತವೂ ಇವೆ. ವ್ಯವಹಾರದ ಎಲ್ಲೆ ಮುಗಿದ ಕಡೆಯಲ್ಲಿ ಧರ್ಮದ ಎಲ್ಲೆಯೂ ಮುಗಿಯಿತೆಂದು ತಿಳಿಯುವುದೇ ಈ ವಿಷಯದಲ್ಲಿ ಎಲ್ಲ ಅನರ್ಥಗಳಿಗೂ ಮೂಲ. ಕೊಡಿಸಲಾಗದೆಂಬುದೂ ಕೊಡಬೇಕಾಗಿಲ್ಲವೆಂಬುದೂ ಒಂದೇ ಅಲ್ಲ. ಅವಧಿ ಮೀರಿದ ಸಾಲವನ್ನು ನ್ಯಾಯಾಲಯ ವಸೂಲು ಮಾಡಿಕೊಡದು. ಮರ್ಯಾದೆಯುಳ್ಳ ಮನೆತನದವರು ಅಷ್ಟಕ್ಕೇ ಅಪ್ಪನ ಸಾಲ ತೀರಿತೆಂದು ಭಾವಿಸುವುದಿಲ್ಲ.

ಆಚಾರವೆಂದರೆ ಇಲ್ಲಿ ಏನೆಂಬುದನ್ನು ಬಿಡಿಸಿ ಹೇಳಬಹುದು. ನೇಮಕದ ಷರತ್ತುಗಳನ್ನು ಮೊದಲ ದಿನವೇ ಬರೆದು ಕೊಡುವುದು. ವರ್ಷವರ್ಷವೂ ಬೇಕಾಗಿರುವ ಕೆಲಸಕ್ಕೆ ಹತ್ತು ತಿಂಗಳ ಕರಾರನ್ನು ಬರೆಸದಿರುವುದು. ದೂರು ಬಂದರೆ ಅದನ್ನು ಉಪಾಧ್ಯಾಯನ ಕೈಗೆ ಕೊಟ್ಟು ಉತ್ತರಕ್ಕೆ ಕಾಲ ಕೊಡುವುದು. ದೂರು ಕೊಟ್ಟವನೇ ವಿಚಾರಣೆಗೆ ಕೂರದಂತೆ ನೋಡಿಕೊಳ್ಳುವುದು. ತೆಗೆಯಲೇಬೇಕಾದರೆ ಕಾರಣವನ್ನು ಬರೆಯುವುದು. ಬರಬೇಕಾದ ಸಂಬಳವನ್ನು ಹಿಡಿದಿಟ್ಟು ರಾಜೀನಾಮೆಯನ್ನು ಕೇಳದಿರುವುದು. ಇವುಗಳಲ್ಲಿ ಕೆಲವನ್ನು ಕಾಯಿದೆ ವಿಧಿಸಿದೆ, ಕೆಲವನ್ನು ವಿಧಿಸಿಲ್ಲ. ಯಾವುದನ್ನೂ ಕಾಯಿದೆ ನಿಷೇಧಿಸಿಲ್ಲ. ಇವಕ್ಕೆ ಹೆಚ್ಚಿನ ಹಣವೂ ಬೇಕಿಲ್ಲ. ಬೇಕಾದುದು ಎದುರಿಗಿರುವವನೂ ಒಂದು ಸಂಸಾರವನ್ನು ಹೊತ್ತವನೆಂಬ ನೆನಪು.

ಪ್ರಾಯಶ್ಚಿತ್ತದ ವಿಷಯದಲ್ಲಿ ವಿದ್ಯಾವಂತರೂ ಸಾಮಾನ್ಯವಾಗಿ ಗಮನಿಸದ ಒಂದು ಅಂಶವುಂಟು. ನ್ಯಾಯಾಲಯವು ಖಾಸಗಿ ಮಂಡಲಿಯನ್ನು ಬಲವಂತಪಡಿಸಲಾರದೆಂದು ಕಾನೂನು ಹೇಳುತ್ತದೆ. ಮಂಡಲಿಯು ತಾನಾಗಿಯೇ ಉಪಾಧ್ಯಾಯನನ್ನು ಮತ್ತೆ ಕರೆಯಕೂಡದೆಂದು ಯಾವ ಕಾನೂನೂ ಹೇಳುವುದಿಲ್ಲ. ತಪ್ಪಾಯಿತೆಂದು ಕಂಡ ದಿನ ಒಂದು ಸಭೆ ಸೇರಿ, ಒಂದು ನಿರ್ಣಯವನ್ನು ಬರೆ, ‘ನಾಳೆಯಿಂದ ಬನ್ನಿ’ ಎಂದು ಹೇಳಿ ಕಳುಹಿಸಲು ನ್ಯಾಯಾಧೀಶರ ಅಪ್ಪಣೆ ಬೇಕಿಲ್ಲ. ನಂಬಿಕೆಯನ್ನು ಆಜ್ಞೆಯಿಂದ ಹುಟ್ಟಿಸಲಾಗದೆಂಬ ಪೂರ್ವಪಕ್ಷದ ಮಾತೇ ಇಲ್ಲಿ ಸಿದ್ಧಾಂತಕ್ಕೆ ಸಹಾಯವಾಗುತ್ತದೆ. ನಂಬಿಕೆ ಆಜ್ಞೆಯಿಂದ ಹುಟ್ಟದು. ತಪ್ಪನ್ನು ಒಪ್ಪಿಕೊಂಡು ಕರೆದಲ್ಲಿ ಹುಟ್ಟೀತು. ನ್ಯಾಯಾಲಯ ಮಾಡಲಾರದುದನ್ನು ಮಾಡುವ ಶಕ್ತಿ ಮಂಡಲಿಗೆ ಮಾತ್ರವೇ ಇರುವುದರಿಂದ ಅದರ ಹೊಣೆ ಕಡಮೆಯಾಗುವುದಿಲ್ಲ, ಹೆಚ್ಚುತ್ತದೆ.

ಈ ಮಂಡಲಿಯವರು ಬೇರೆ ಲೋಕದವರೇನೂ ಅಲ್ಲ. ಶಿವಮೊಗ್ಗೆಯಲ್ಲಾಗಲಿ ಭದ್ರಾವತಿಯಲ್ಲಾಗಲಿ ಶಾಲಾ ಸಮಿತಿಯ ಸದಸ್ಯರು, ಅವರಿಗೆ ಸಲಹೆ ಹೇಳುವ ವಕೀಲರು, ಶುಲ್ಕವನ್ನು ಕಟ್ಟುವ ಪೋಷಕರು, ಪಾಠ ಹೇಳುವ ಉಪಾಧ್ಯಾಯರು ಎಲ್ಲರೂ ಬರುವುದು ಇಂಥ ಪತ್ರಿಕೆಗಳನ್ನು ಓದುವ ಮನೆಗಳಿಂದಲೇ. ಒಂದೇ ಮನೆಯಲ್ಲಿ ತಂದೆ ಸಮಿತಿಯಲ್ಲಿಯೂ ಸೊಸೆ ಮತ್ತೊಂದು ಶಾಲೆಯ ತರಗತಿಯಲ್ಲಿಯೂ ಇರುವುದುಂಟು. ತಮ್ಮ ಸೊಸೆಗೆ ಯಾವ ಕಾಗದ ಬರಬಾರದೆಂದು ಬಯಸುವರೋ ಆ ಕಾಗದಕ್ಕೆ ಇನ್ನೊಬ್ಬರ ಮಗಳ ಹೆಸರನ್ನು ಬರೆದು ರುಜು ಹಾಕುವ ಮುನ್ನ, ‘ಇದಕ್ಕೆ ನ್ಯಾಯಾಲಯದಲ್ಲಿ ಪರಿಹಾರವುಂಟೆ?’ ಎಂದು ವಕೀಲರನ್ನು ಕೇಳುವುದಕ್ಕೆ ಮೊದಲು, ‘ಇದು ನ್ಯಾಯವೆ?’ ಎಂದು ತಮ್ಮನ್ನೇ ಕೇಳಿಕೊಂಡರೆ, ವ್ಯಾಜ್ಯಗಳಲ್ಲಿ ಬಹುಪಾಲು ಹುಟ್ಟುವ ಮುನ್ನವೇ ತೀರುತ್ತವೆ.